ಕೊನೆ ಕಾಣದ ಮೆಕ್ಸಿಕೋ ಸಿನಿಮಾಗಳು

ತೇರದಾಳದ ಜೈನ ಬಟ್ಟೆ ವ್ಯಾಪಾರಿ ಜಿನದತ್ತ ಮೆಕ್ಸಿಕೋದ ಹಳೆಯ ನಿರ್ದೇಶಕನೊಬ್ಬನಿಗೆ ಮನಸೋತು, ಅವನ ಸಿನಿಮಾಗಳನ್ನು ಭಾನುವಾರ ಸಂಜೆ ಅಂಗಡಿಯ ಮಾಳಿಗೆಯಲ್ಲಿ ನೆರೆಯ ಜೈನರಿಗೆ ತೋರಿಸುತ್ತ ಬಂದವರು. ಅವನ ಸಾಧನೆಯ ಬಗ್ಗೆ ಮಾತಾಡಲು ಜಮಖಂಡಿಯ ಕಾಲೇಜೊಂದು ಕರೆದಾಗ ಹಿಗ್ಗಿ ಒಪ್ಪಿದರು. ಭಾಷಣದ ಮುನ್ನಾದಿನ ತಲೆ ಕೆಟ್ಟಿತು.

“ಅಂವಾ ಬಡವರನ್ನ ಕಂಡು ಮರಗ್ತಿದ್ನೋ, ನಗ್ತಿದ್ನೋ?” ಎಂದು ಹೆಂಡತಿ ತ್ರಿಶಲಾಳನ್ನು ಕೇಳಿದರು.

“ಹೊತ್ತು ಮುಳುಗೂದ್ರಾಗ ಉಣಬೇಕಂತ ಎಲ್ಲಾರೂ ನಡುವ ಎದ್ದು ಬರ್ತೀವಿ. ನೀವರ ಒಂದರ ಕೊನಿ ನೋಡೀರೇನ್ರಿ?”

ನೋಡಿರಲಿಲ್ಲ. ಅಂದು ಬೇಗ ಉಂಡು ಒಂದನ್ನು ಪೂರ್ತಿ ನೋಡಿದರು. ಅವರು ಕನಿಕರಪಟ್ಟಿದ್ದ ಭಿಕ್ಷುಕಿ, ಆಸರೆ ಕೊಟ್ಟವರನ್ನೇ ಹೊರಗಟ್ಟಿ ಬಾಗಿಲು ಹಾಕಿಕೊಂಡಳು. ಆಮೇಲೆ ಒಳಗೆ ಕೂತು ಅತ್ತಳು.

“ಈಗರ ತಿಳೀತೇನ್ರಿ?” ಎಂದಳು ತ್ರಿಶಲಾ.

“ಮೊದಲ ಛಲೋ ತಿಳಿದಿತ್ತು ನೋಡು,” ಎಂದ ಜಿನದತ್ತ ಕಾಲೇಜಿಗೆ ಫೋನ್ ಮಾಡಿದರು: “ಭಾಷಣ ಬ್ಯಾಡ್ರಿ ಸರ. ಸಿನಿಮಾ ಕೊನೀತನಕ ತೋರಸ್ತೀನಿ, ಮಧ್ಯಾಹ್ನಕ್ಕ ಚಾಲೂ ಮಾಡೂಣು.”