ಅಂಟಕ್ಕ ಅಂಟಿಸಿದ ಹಾಳೆ

ಗ್ರಂಥಾಲಯದಲ್ಲಿ ಹರಿದ ಪುಸ್ತಕಗಳನ್ನು ಸರಿಮಾಡುವವರನ್ನು ಎಲ್ಲರೂ ಅಂಟಕ್ಕ ಎನ್ನುತ್ತಾರೆ. ಹತ್ತೊಂಬತ್ತು ವರ್ಷಗಳಿಂದ ಅವರ ಬೆರಳಿನ ಅಂಟಿನ ವಾಸನೆ ಹೋಗಿಲ್ಲ. ಪುಸ್ತಕ ಬರೆದವರಿಗೆ ವೇದಿಕೆ. ಅದಕ್ಕೆ ಬೆನ್ನು ಕಟ್ಟುವವರಿಗೆ ಮೆಟ್ಟಿಲ ಕೆಳಗೆ ಕಾಲು ಮುರಿದ ಮೇಜು. ಇದು ನಮ್ಮ ನ್ಯಾಯ.

ನಮ್ಮೂರಿನ ಕಾದಂಬರಿಕಾರರು ಪ್ರೀತಿ, ದಾಂಪತ್ಯ ಎಂದು ಇಪ್ಪತ್ತೆರಡು ಕಾದಂಬರಿ ಬರೆದಿದ್ದಾರೆ. ಎಲ್ಲದರ ಕೊನೆಯಲ್ಲೂ ಗಂಡ ಹೆಂಡತಿಯೆದುರು ನಿಂತು, "ತಪ್ಪು ನನ್ನದೇ. ನೀನು ಹೇಳಿದಾಗಲೇ ಕೇಳಬೇಕಿತ್ತು" ಎನ್ನುತ್ತಾನೆ. ಗ್ರಂಥಾಲಯದಲ್ಲಿ ಆ ಹಾಳೆಯೇ ಮಾಯ! ಓದುವ ಹೆಂಗಸರು ಹರಿದುಕೊಂಡು ಹೋಗಿ ಗಂಡನ ಅಂಗಿ ಜೇಬಿಗೋ, ಗಡ್ಡ ಹೆರೆದುಕೊಳ್ಳುವ ಕನ್ನಡಿಗೋ ಸಿಕ್ಕಿಸುತ್ತಾರೆ. ಅಂಟಕ್ಕ ಬೇರೆ ಪ್ರತಿ ಹುಡುಕಿ, ದುಂಡಗೆ ನಕಲು ಮಾಡಿ ಅಂಟಿಸುತ್ತಾರೆ.

ಕಾದಂಬರಿಕಾರರ ಸನ್ಮಾನಕ್ಕೆಂದು ಪುಸ್ತಕಗಳನ್ನು ಜೋಡಿಸುವಾಗ ಮೇಲ್ವಿಚಾರಕನ ಕಣ್ಣಿಗೆ ಆ ಕೈಬರಹ ಬಿತ್ತು.

"ಏನ್ರೀ ಇದು, ಅಂಗಡಿ ಚೀಟಿ ಥರ? ಹರಿದೋರು ಯಾರು?"

"ಗೊತ್ತಿಲ್ಲ ಸರ್."

"ಸಭೆ ಮುಗಿಯೋದ್ರೊಳಗೆ ಒಬ್ಬರ ಹೆಸರಾದ್ರೂ ಹೇಳಿ. ಇಲ್ಲಾಂದ್ರೆ ನಾಳೆಯಿಂದ ಬರ್ಬೇಡಿ."

ಅಂಟಕ್ಕನಿಗೆ ಒಬ್ಬರು ಗೊತ್ತಿದ್ದರು. ಕಳೆದ ತಿಂಗಳು ಅವರು ಇಪ್ಪತ್ತೆರಡನೆಯ ಕಾದಂಬರಿಯ ಹಾಳೆ ಕಿತ್ತು ಚೀಲಕ್ಕೆ ತುರುಕಿದ್ದನ್ನು ಕಣ್ಣಾರೆ ನೋಡಿದ್ದರು. ಆದರೂ ಬಾಯಿ ಬಿಡಲಿಲ್ಲ. ಕೆಲಸ ಹೋದರೆ ಮನೆಯಲ್ಲಿ ಒಲೆ ಉರಿಯುವುದಿಲ್ಲ ಎಂಬುದು ಗೊತ್ತಿದ್ದೂ ಬಿಡಲಿಲ್ಲ.

ಸಭೆಯಲ್ಲಿ ಕಾದಂಬರಿಕಾರರು ಹೆಣ್ಣಿನ ಮನಸ್ಸಿನ ಬಗ್ಗೆ ಮುಕ್ಕಾಲು ಗಂಟೆ ಕೊರೆದರು. ಮುಂದಿನ ಸಾಲಿನಲ್ಲಿದ್ದ ಅವರ ಹೆಂಡತಿ ಎರಡು ಸಲ ತೂಕಡಿಸಿದರು. ಆಮೇಲೆ ಓದಿ ಹೇಳಲು ಹೊಸ ಕಾದಂಬರಿಯ ಕೊನೆಯ ಹಾಳೆ ತೆರೆದು ಕಾದಂಬರಿಕಾರರು ಹುಬ್ಬು ಗಂಟಿಕ್ಕಿದರು.

"ಇದ್ಯಾರ ಅಕ್ಷರ?"

ಹಿಂದಿನ ಸಾಲಿನಿಂದ ಅಂಟಕ್ಕ ಎದ್ದರು. "ನಂದು ಸರ್. ಆ ಹಾಳೆ ಹರ್ಕೊಂಡು ಹೋಗಿದ್ದಾರೆ."

"ಯಾರು ಅಂತ ಹೇಳಿ ಈಗ!" ಮೇಲ್ವಿಚಾರಕ ಗದರಿದ.

ಆಗ ಮುಂದಿನ ಸಾಲಿನಲ್ಲಿ ಕುರ್ಚಿ ಕಿರುಗುಟ್ಟಿತು.

"ಆಯಮ್ಮನ್ನ ಯಾಕ್ರೀ ಹೆದರಿಸ್ತೀರಿ? ಹರಿದೋಳು ನಾನು," ಎಂದು ಕಾದಂಬರಿಕಾರರ ಹೆಂಡತಿ ಚೀಲದಿಂದ ಮಡಿಸಿದ ಹಾಳೆ ತೆಗೆದರು.

"ನೀನಾ? ಮನೇಲಿ ಅಷ್ಟೊಂದು ಪ್ರತಿ ಇದೆಯಲ್ಲೇ!"

"ಬೀರುಗೆ ಬೀಗ ಹಾಕ್ಕೊಂಡು ಬೀಗದಕೈ ಜೇಬಲ್ಲಿಟ್ಕೊಂಡು ಓಡಾಡೋರು ಯಾರು? ಇಪ್ಪತ್ತೆರಡು ಗಂಡಂದಿರ ಕೈಲಿ ಹೇಳಿಸಿದ್ರಿ. ನೀವ್ಯಾವತ್ತು ಹೇಳೋದು? ಮೈಕ್ ಮುಂದೇನೇ ಇದೆ, ಹೇಳಿ."

ಕಾದಂಬರಿಕಾರರು ಒಂದು ಲೋಟ ನೀರು ಖಾಲಿ ಮಾಡಿದರು.

"ತಪ್ಪು... ಸ್ವಲ್ಪ ಮಟ್ಟಿಗೆ... ನನ್ನದೂ..."

"ಸರ್, ಅದರಲ್ಲಿ 'ಸ್ವಲ್ಪ ಮಟ್ಟಿಗೆ' ಇಲ್ಲ," ಎಂದರು ಅಂಟಕ್ಕ. "ಇಪ್ಪತ್ತೆರಡು ಸಲ ಬರೆದಿದ್ದೀನಿ."

ನಗೆಯ ಅಬ್ಬರಕ್ಕೆ ಸನ್ಮಾನ ಅಲ್ಲಿಗೇ ಮುಗಿಯಿತು.

ಮರುದಿನ ಬೆಳಿಗ್ಗೆ ಅಂಟಕ್ಕ ಡಬ್ಬಿ, ಕತ್ತರಿ ಎಲ್ಲ ಕಟ್ಟಿಕೊಂಡು ಹೋಗಲು ಸಿದ್ಧರಾಗಿದ್ದರು. ಮೇಲ್ವಿಚಾರಕ ಮೆಟ್ಟಿಲ ಕೆಳಗೆ ತಲೆ ತಗ್ಗಿಸಿ ಬಂದ.

"ಅಂಟಕ್ಕಾ, ಅವೆಲ್ಲ ಒಳಗಿಡಿ. ಆಮೇಲೆ... ಆ ಹಾಳೆ ನನಗೂ ಒಂದು ಬರ್ಕೊಡಿ. ನಮ್ಮನೆಯವಳೂ ನಿನ್ನೆ ಸಭೆಗೆ ಬಂದಿದ್ಲು."

ಅಂಟಕ್ಕ ಒಂದು ಖಾಲಿ ಹಾಳೆ ಮುಂದಿಟ್ಟರು. "ಪೆನ್ ಇದೆ ತಾನೇ? ನೀವೇ ಬರೀರಿ ಸರ್."