ಅಜ್ಜಿಯ ಬಾಯಿಗೆ ಬಾರದ ಹೆಸರು

ನನ್ನ ಜನನ ಪ್ರಮಾಣಪತ್ರದಲ್ಲಿ ತಾಯಿಯ ಹೆಸರಿನ ಜಾಗದಲ್ಲಿ 'ಸಣ್ಣಮ್ಮ' ಎಂದಿತ್ತು. ಅದು ನನ್ನ ಅವ್ವನ ಹೆಸರಲ್ಲ. ಪಾಸ್‌ಪೋರ್ಟಿಗೆ ಅರ್ಜಿ ಹಾಕಲು ಹೋದಾಗ ಮೊದಲ ಸಲ ಅದನ್ನು ಸರಿಯಾಗಿ ಓದಿದೆ. ಮೂವತ್ತೆಂಟು ವರ್ಷ ಪೆಟ್ಟಿಗೆಯಲ್ಲಿದ್ದ ಕಾಗದವನ್ನು ಓದಿರಲಿಲ್ಲವೆಂದರೆ ನನ್ನ ಜಾಣತನವನ್ನು ನೀವೇ ಅಳೆಯಿರಿ.

ತಪ್ಪು ಅಜ್ಜಿಯದು. ನಾನು ಹುಟ್ಟಿದ ವಾರ ಅಪ್ಪ ಕೇರಳ ಗಡಿಯ ಮಾಕುಟ್ಟದ ಚೆಕ್‌ಪೋಸ್ಟಿನಲ್ಲಿ ಡ್ಯೂಟಿಯಲ್ಲಿದ್ದರು. ಹುಟ್ಟು ಬರೆದುಕೊಳ್ಳಲು ಬಂದವರಿಗೆ ಉತ್ತರ ಕೊಟ್ಟವಳು ಅಪ್ಪನ ತಾಯಿ. ಅವ್ವನಿಗೂ ಅಜ್ಜಿಯ ಅತ್ತೆಗೂ ಒಂದೇ ಹೆಸರು. ನಾವು ಹಾಸನದ ಕಡೆಯಿಂದ ಬಂದು ಕುಶಾಲನಗರದ ಹತ್ತಿರ ಬೇಸಾಯಕ್ಕೆ ನಿಂತವರು. ಊರು ಬಿಟ್ಟರೂ ಅತ್ತೆಯ ಹೆಸರು ಹೇಳಬಾರದೆಂಬ ನೇಮವನ್ನು ಅಜ್ಜಿ ಬಿಟ್ಟಿರಲಿಲ್ಲ. ಸೊಸೆಯನ್ನು ಮನೆ ತುಂಬಿಸಿಕೊಂಡ ದಿನದಿಂದ ಸಣ್ಣಮ್ಮ ಎಂದೇ ಕರೆದಳು, ಹಾಗೆಂದೇ ಬರೆಸಿದಳು.

ನಾನು ಎರಡನೇ ಕ್ಲಾಸಿನಲ್ಲಿದ್ದಾಗ ಅವ್ವ ತೀರಿಕೊಂಡಳು. ಅವಳ ಒಂದು ಫೋಟೋ ಕೂಡ ನೆಟ್ಟಗಿಲ್ಲ. ಇರುವ ಒಂದರಲ್ಲಿ ಯಾರದೋ ಮದುವೆಯ ಗುಂಪಿನ ನಡುವೆ ತಲೆ ಬಗ್ಗಿಸಿ ನಿಂತಿದ್ದಾಳೆ. ಅವಳ ದನಿಯನ್ನು ನೆನಪಿಗೆ ತಂದುಕೊಳ್ಳಲು ಈಗಲೂ ಹೆಣಗುತ್ತೇನೆ, ಬರುವುದಿಲ್ಲ. ಶಾಲೆಯ ದಾಖಲೆಯಲ್ಲಿ ಅಪ್ಪ ಅವಳ ಹೆಸರನ್ನು ಸರಿಯಾಗಿ ಬರೆಸಿದ್ದರು. ಅರ್ಜಿ ತುಂಬಿಕೊಡುವವನು, ಅಲ್ಲೂ ಸಣ್ಣಮ್ಮ ಅಂತ ಮಾಡಿಸಿಬಿಡಿ ಮೇಡಂ, ತಾಪತ್ರಯ ಇರಲ್ಲ ಎಂದ. ನನಗೆ ಮೈಯೆಲ್ಲ ಉರಿಯಿತು. ಅವ್ವನಿಂದ ನನಗೆ ಉಳಿದದ್ದು ಆ ಹೆಸರೊಂದೇ. ನಾನು ಹುಟ್ಟಿದೆನೆಂದು ಹೇಳುವ ಕಾಗದದಲ್ಲಿ ಆ ಹೆಸರಿನವಳ ಮಗಳಾಗಿರಬೇಕಿತ್ತು.

ಇಷ್ಟು ಹಳೆಯ ಪ್ರಮಾಣಪತ್ರವನ್ನು ತಿದ್ದಲು ಕೋರ್ಟಿನ ಆದೇಶ ಬೇಕೆಂದು ಜನನ ನೋಂದಣಿ ಕಚೇರಿಯವರು ಹೇಳಿದರು. ವಕೀಲರು ಅರ್ಜಿ ಹಾಕಿದರು, ಪೇಪರಿನಲ್ಲಿ ಪ್ರಕಟಣೆ ಕೊಡಿಸಿದರು, ಸಣ್ಣಮ್ಮನೂ ಅವ್ವನೂ ಒಬ್ಬಳೇ ಎಂದು ಹೇಳುವ ಸಾಕ್ಷಿಯನ್ನು ಕರೆತರಲು ಹೇಳಿದರು. ಅಪ್ಪ ಈಗಿಲ್ಲ. ಉಳಿದವಳು ಅಜ್ಜಿ; ಹಲ್ಲೆಲ್ಲ ಹೋದರೂ ನೇಮ ಹೋಗದ ಅಜ್ಜಿ. ಬರಲು ಕೂಡಲೇ ಒಪ್ಪಿದಳು. ಹೆಸರು ಬಾಯಿಬಿಟ್ಟು ಹೇಳಬೇಕಾದೀತೆಂದು ಅವಳಿಗೂ ಹೊಳೆದಿರಲಿಲ್ಲ, ನನಗೂ.

ನ್ಯಾಯಾಧೀಶರು ಅವಳಿಗೆ ಕುರ್ಚಿ ಹಾಕಿಸಿ, ಸೊಸೆಯ ನಿಜವಾದ ಹೆಸರೇನು ಎಂದು ಕೇಳಿದರು. ಅವಳೇ ಹೇಳಲಿ ಎಂಬಂತೆ ಅಜ್ಜಿ ನನ್ನತ್ತ ಕೈ ತೋರಿಸಿದಳು. ವಕೀಲರು ತಾವೇ ಓದಿ ಹೇಳಲು ಹೊರಟರು. ಸಾಕ್ಷಿಯೇ ಹೇಳಬೇಕೆಂದು ನ್ಯಾಯಾಧೀಶರು ತಡೆದರು.

"ಅದು ನಮ್ಮತ್ತೆ ಹೆಸ್ರು ಸ್ವಾಮಿ. ನಾನ್ ಹೆಂಗ್ ಹೇಳ್ಲಿ?"

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ನ್ಯಾಯಾಧೀಶರು ನಗಲಿಲ್ಲ, ಕಾದರು. ಅಜ್ಜಿ ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ಕಣ್ಣು ಮುಚ್ಚಿದಳು. "ತಪ್ಪಾಯ್ತು ಅತ್ತೆ" ಎಂದು ಕೈಮುಗಿದಳು. ಆಮೇಲೆ ಹೆಸರು ಹೇಳಿದಳು.

ಟೈಪಿಸ್ಟ್ ಬರೆದುಕೊಂಡಾಯಿತು. ಕೋರ್ಟಿಗೆ ಅಷ್ಟೇ ಸಾಕಿತ್ತು. ಅಜ್ಜಿಗೆ ಸಾಕಾಗಲಿಲ್ಲ. ಮತ್ತೊಮ್ಮೆ ಹೇಳಿದಳು. ಮೂರನೆಯ ಸಲ ಗಟ್ಟಿಯಾಗಿ, ಕೊನೆಯನ್ನು ಎಳೆದು, ಗದ್ದೆಯಲ್ಲಿರುವವರನ್ನು ಊಟಕ್ಕೆ ಕರೆಯುವ ಹಾಗೆ ಕೂಗಿದಳು. ಅವ್ವ ಬದುಕಿದ್ದಷ್ಟು ದಿನ ಆ ಮನೆಯಲ್ಲಿ ಯಾರೂ ಅವಳನ್ನು ಹಾಗೆ ಕೂಗಿರಲಿಲ್ಲ.

ನಾನು ಬಾಗಿಲ ಕಡೆ ತಿರುಗಿ ನೋಡಿಬಿಟ್ಟೆ. ಅಲ್ಲಿ ಮುಂದಿನ ಕೇಸಿನವರು ನಿಂತಿದ್ದರು.