ಜೀರಹಳ್ಳಿ ಮಾದೇವಿಯ ಪಾಸ್‌ವರ್ಡು

೨೦೦೪ರಲ್ಲಿ ನಾನು ಈರೋಡಿನ ಒಂದು ಧರ್ಮಾಸ್ಪತ್ರೆಯ ಕಂಪ್ಯೂಟರ್ ವಿಭಾಗ ನೋಡಿಕೊಳ್ಳುತ್ತಿದ್ದೆ. ಬೆಟ್ಟದ ಮೇಲಿನ ತಾಳವಾಡಿಯಲ್ಲಿ ನಮ್ಮದೊಂದು ಶಾಖೆಯಿತ್ತು. ಅಲ್ಲಿಯ ಕಂಪ್ಯೂಟರನ್ನು ಇಲ್ಲಿಂದಲೇ ಟೆಲಿಫೋನ್ ಮೂಲಕ ತೆರೆಯಲು ರಿಮೋಟ್ ಆಕ್ಸೆಸ್ ಸರ್ವರ್ ಎಂಬ ಸಾಫ್ಟ್‌ವೇರ್ ಹಾಕಿದ್ದೆ. ಯಾರು ಕರೆದರೂ ಅದು ಫೋನ್ ಇಟ್ಟು, ನಮ್ಮ ಆಫೀಸಿನ ನಂಬರಿಗೇ ತಿರುಗಿ ಕರೆಯಬೇಕು. ಹೊರಗಿನವರು ನುಗ್ಗದಿರಲೆಂದು ಈ ಕಾವಲು.

ಆ ವರ್ಷ ಆ ಕಂಪ್ಯೂಟರಿನಲ್ಲಿದ್ದ ಕಣ್ಣಿನ ಆಪರೇಷನ್ನಿನ ಸರದಿ ಪಟ್ಟಿ ಏರುಪೇರಾಯಿತು. ತಿಂಗಳುಗಟ್ಟಲೆ ಕಾದಿದ್ದ ಬೆಟ್ಟದ ಮುದುಕರ ಹೆಸರು ಕೆಳಗಿಳಿದು, ಬಯಲಿನವರ ಹೆಸರು ಮೇಲೇರಿತ್ತು. ತಿದ್ದಿದ್ದೆಲ್ಲ ತಾಳವಾಡಿಯ ಆಪರೇಟರ್ ಮಾದೇವಿಯ ಹೆಸರಿನಲ್ಲಿ. ಜೀರಹಳ್ಳಿಯ ಸೋಲಿಗರ ಹೆಣ್ಣುಮಗಳು. ಮನೆಗೆ ಸಂಬಳ ತರುವವಳು ಅವಳೊಬ್ಬಳೇ. ಅವಳನ್ನು ತೆಗೆದುಹಾಕುವ ಕಾಗದ ಆಗಲೇ ಟೈಪಾಗಿತ್ತು. ಸಾಕ್ಷಿ ತರಲು ನನ್ನನ್ನು ಕಳಿಸಿದರು. ಘಾಟಿ ಹತ್ತಿ ದಿಂಬಂನಲ್ಲಿ ಟೀ ಕುಡಿಯುವಾಗಲೇ ನಾನು ತೀರ್ಮಾನಿಸಿಬಿಟ್ಟಿದ್ದೆ, ಕಳ್ಳಿ ಇವಳೇ ಎಂದು.

ತಾಳವಾಡಿ ತಲುಪಿ, ಯಾರು ಯಾವಾಗ ಒಳಬಂದರೆಂದು ಬರೆದಿಡುವ ಲಾಗ್ ತೆಗೆದೆ. ತಿದ್ದಿದ್ದೆಲ್ಲವೂ ಭಾನುವಾರ, ಎಲ್ಲವೂ ಫೋನಿನ ಮೂಲಕ. ಆ ಭಾನುವಾರಗಳಲ್ಲಿ ಎಲ್ಲಿದ್ದೆ ಎಂದು ಮಾದೇವಿಯನ್ನು ಗದರಿದೆ.

“ನಮ್ಮಟ್ಟೀಲಿದ್ದಿ ಸಾ. ಅಲ್ಲಿ ಪೋನೇ ಇಲ್ಲ, ಅದೆಂಗೆ ಒಳಕ್ ಬರ್ಲಿ?”

ನಾನು ನಂಬಲಿಲ್ಲ. ಪಾಸ್‌ವರ್ಡನ್ನು ಯಾರಿಗೆ ಹೇಳಿದೆ ಎಂದು ಮತ್ತೆ ಜಬರಿಸಿದೆ. ಅವಳು ನನ್ನನ್ನೇ ನೋಡಿದಳು.

“ನಾನ್ಯಾಕೇಳ್ಲಿ ಸಾ? ನಮ್ಮೂರ್ನೆಸರ್ನೇ ಪಾಸ್ವರ್ಡ್ ಮಾಡ್ಕೊಟ್ಟೋರು ನೀವಲ್ವಾ? ಬಸ್ಸಲ್ಲಿ ಬರೋರ್ಗೆಲ್ಲ ನಾನು ಜೀರಳ್ಳಿ ಮಾದೇವೀನೆ.”

ಆ ಸೀಮೆಯಲ್ಲಿ ಊರು ಸೇರಿಸದೆ ಯಾರೂ ಯಾರ ಹೆಸರನ್ನೂ ಹೇಳುವುದಿಲ್ಲ. ನೆನಪಿಡಲು ಸುಲಭವೆಂದು ಎಲ್ಲರಿಗೂ ಅವರವರ ಊರನ್ನೇ ಪಾಸ್‌ವರ್ಡ್ ಮಾಡಿ ಕೊಟ್ಟಿದ್ದ ಮಹಾ ಜಾಣ ನಾನೇ.

ಹಾಗಾದರೆ ತಿರುಗಿ ಕರೆಯುವ ಕಾವಲು ಏನಾಯಿತು? ಸರ್ವರಿನ ಆವೃತ್ತಿ ನೋಡಿದೆ, ಹಳೆಯದು. ಅದರಲ್ಲಿ ಒಂದು ದೋಷವಿತ್ತು: ಹೆಸರು, ಪಾಸ್‌ವರ್ಡ್ ಸರಿಯಿದ್ದರೆ ತಿರುಗಿ ಕರೆಯದೆಯೇ ಒಮ್ಮೊಮ್ಮೆ ಒಳಬಿಡುತ್ತಿತ್ತು. ಅದಕ್ಕೆ ಹಾಕುವ ತೇಪೆ, ಅಂದರೆ ಪ್ಯಾಚ್, ಸಿ.ಡಿ.ಯಲ್ಲಿ ಬಂದಿತ್ತು. ಘಾಟಿ ಹತ್ತುವ ಬೇಸರಕ್ಕೆ ಮೂರು ತಿಂಗಳಿಂದ ಅದು ನನ್ನ ಡ್ರಾಯರಿನಲ್ಲೇ ಬಿದ್ದಿತ್ತು. ನನಗೆ ತುಂಬ ನಾಚಿಕೆಯಾಯಿತು.

ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ವಿಚಾರಿಸಿದಾಗ, ಆ ಕರೆಗಳು ಬಯಲಿನಿಂದ ರೋಗಿಗಳನ್ನು ಕರೆತರುತ್ತಿದ್ದ ದಲ್ಲಾಳಿಯವೆಂದು ತಿಳಿಯಿತು. ವರದಿಯಲ್ಲಿ ಮೊದಲ ತಪ್ಪು ನನ್ನದೆಂದು ಬರೆದೆ. ಮಾದೇವಿಯ ಕಾಗದ ಹರಿದುಹಾಕಿದರು. ಮುದುಕರು ತಮ್ಮ ಸರದಿಗೆ ಮರಳಿದರು.

ಮುಂದಿನ ವಾರ ಸಿ.ಡಿ. ಹಿಡಿದು ಮತ್ತೆ ಬೆಟ್ಟ ಹತ್ತಿದೆ. ಎಲ್ಲರನ್ನೂ ಶಂಕಿಸುವುದೇ ನನ್ನ ಉದ್ಯೋಗ. ಆದರೆ ಶಂಕಿಸುವವನು ಮೊದಲು ತನ್ನ ಡ್ರಾಯರು ಎಳೆದು ನೋಡಬೇಕೆಂದು ಆ ಕೆಲಸ ಕಲಿಸಿತು. ಪ್ಯಾಚ್ ಹಾಕಿ, ಹೊಸ ಪಾಸ್‌ವರ್ಡ್ ನೀನೇ ಇಟ್ಟುಕೋ ತಾಯಿ ಎಂದೆ. ಕೀಬೋರ್ಡಿನ ಮೇಲೆ ಬೆರಳಿಟ್ಟವಳು ನನ್ನತ್ತ ತಿರುಗಿದಳು.

“ವಸಿ ಅತ್ಲಾಗ್ ತಿರುಗ್ಕಳಿ ಸಾ.”

ಗೋಡೆಯ ಕಡೆ ತಿರುಗಿ ನಿಂತೆ.